ಉಪಾಧ್ಯಾಯರ ನೇಮಕವೂ ನ್ಯಾಯಸ್ಥಾನಗಳೂ

ಪದವೀಧರ ಪ್ರಾಥಮಿಕ ಶಾಲಾ ಉಪಾಧ್ಯಾಯರ ನೇಮಕದ ವ್ಯಾಜ್ಯದಲ್ಲಿ ಸರ್ವೋಚ್ಚ ನ್ಯಾಯಾಲಯವು 2025ನೆಯ ಇಸವಿ ಅಕ್ಟೋಬರ್ 16ರಂದು ಕೊಟ್ಟ ತೀರ್ಪನ್ನು ನಮ್ಮ ವಾಚಕರಲ್ಲಿ ಹಲವರು ಓದಿರಬಹುದು. ನೇಮಕದ ಪ್ರಕಟಣೆ ಹೊರಟು ಮೂರೂವರೆ ವರ್ಷಗಳಾದ ಮೇಲೆ ಅಲ್ಲಿ ಇತ್ಯರ್ಥವಾದುದು ಉದ್ಯೋಗವು ಯಾರಿಗೆ ಸಲ್ಲತಕ್ಕದ್ದೆಂಬುದಲ್ಲ. ಅಹವಾಲನ್ನು ಮೊದಲು ಎಲ್ಲಿಗೆ ಒಯ್ಯಬೇಕಾಗಿತ್ತೆಂಬುದು ಮಾತ್ರ.

ಸಂಗತಿಯಿಷ್ಟು. ಆರರಿಂದ ಎಂಟನೆಯ ತರಗತಿಗಳವರೆಗೆ ಪಾಠ ಹೇಳತಕ್ಕ 15,000 ಉಪಾಧ್ಯಾಯರು ಬೇಕೆಂದು ಸರ್ಕಾರದವರು 2022ರ ಮಾರ್ಚಿಯಲ್ಲಿ ಪ್ರಕಟಿಸಿದರು. ಮೇ ತಿಂಗಳಲ್ಲಿ ಪರೀಕ್ಷೆ ನಡೆಯಿತು. ನವೆಂಬರ್ 18ರಂದು ಹೊರಟ ತಾತ್ಕಾಲಿಕ ಪಟ್ಟಿಯಲ್ಲಿ, ಗಂಡನ ಬದಲು ತಂದೆತಾಯಿಗಳ ಜಾತಿ ಮತ್ತು ಆದಾಯದ ಪ್ರಮಾಣಪತ್ರವನ್ನು ಲಗತ್ತಿಸಿದ್ದ ವಿವಾಹಿತ ಸ್ತ್ರೀಯರನ್ನು ಹಿಂದುಳಿದ ವರ್ಗಗಳಿಂದ ತೆಗೆದು ಸಾಮಾನ್ಯ ವರ್ಗಕ್ಕೆ ಸೇರಿಸಲಾಗಿತ್ತು. ಅವರು ಉಚ್ಚ ನ್ಯಾಯಾಲಯಕ್ಕೆ ಹೋದರು. 2023ರ ಜನವರಿ 30ರಂದು ಏಕಸದಸ್ಯ ಪೀಠವು ಪಟ್ಟಿಯನ್ನು ರದ್ದುಗೊಳಿಸಿ, ತಂದೆತಾಯಿಗಳ ಪ್ರಮಾಣಪತ್ರವನ್ನೇ ಪರಿಗಣಿಸತಕ್ಕದ್ದೆಂದಿತು. ಸರ್ಕಾರದವರು ಅದರಂತೆ ಮಾರ್ಚಿ 8ರಂದು 13,352 ಮಂದಿಯ ಪಟ್ಟಿಯನ್ನು ಹೊರಡಿಸಿದರು. ಆದರೆ ಮೊದಲ ಪಟ್ಟಿಯಲ್ಲಿ ಹೆಸರು ಕಂಡು ಸಂತೋಷಪಟ್ಟಿದ್ದ 451 ಮಂದಿ ಈ ಪಟ್ಟಿಯಲ್ಲಿ ಇರಲಿಲ್ಲ. ಅವರು ಮಾಡಿದ ತಪ್ಪಾದರೂ ಏನು? ಅವರೂ ಮೇಲ್ಮನವಿಯಿಟ್ಟರು. ಅಕ್ಟೋಬರ್ 12ರಂದು ವಿಭಾಗಪೀಠವು ಏಕಸದಸ್ಯ ಪೀಠದ ಆಜ್ಞೆಯನ್ನು ತೆಗೆದುಹಾಕಿ, ಎಲ್ಲರೂ ಆಡಳಿತ ನ್ಯಾಯಮಂಡಳಿಗೆ ಹೋಗಿರೆಂದಿತು. ಸರ್ವೋಚ್ಚ ನ್ಯಾಯಾಲಯವು ಎತ್ತಿಹಿಡಿದಿರುವುದು ಇದನ್ನೇ.

ನಾವು ಮೆಟ್ರಿಕ್ಯುಲೇಷನ್ನಿನಾಚೆಗೆ ಓದಿದವರಲ್ಲ. ಕಾನೂನಿನ ಪಾಂಡಿತ್ಯ ನಮಗಿಲ್ಲ. ಆದರೂ ಈ ತೀರ್ಪು ನಿಯಮಕ್ಕೆ ಅನುಸಾರವಾದುದೆಂಬುದನ್ನು ಒಪ್ಪುತ್ತೇವೆ. ಸರ್ಕಾರಿ ನೌಕರಿಯ ವ್ಯಾಜ್ಯಗಳಿಗಾಗಿಯೇ ನಮ್ಮ ರಾಜ್ಯದಲ್ಲಿ 1986ರಿಂದ ನ್ಯಾಯಮಂಡಳಿಯಿದೆ. ಮೊದಲು ಅಲ್ಲಿಗೆ ಹೋಗಿ, ತರುವಾಯ ಉಚ್ಚ ನ್ಯಾಯಾಲಯದ ವಿಭಾಗಪೀಠಕ್ಕೆ ಬರತಕ್ಕದ್ದೆಂದು ಸರ್ವೋಚ್ಚ ನ್ಯಾಯಾಲಯದ ಏಳು ಮಂದಿ ನ್ಯಾಯಾಧೀಶರು 1997ರಲ್ಲಿಯೇ ನಿರ್ಣಯಿಸಿದ್ದಾರೆ. ಹೀಗಿರುವಲ್ಲಿ, ಈ ಮಾತನ್ನು ಅರ್ಜಿಗಳು ಬಂದ ದಿನವೇ ಹೇಳಿ ಕಳುಹಿಸಿದ್ದರೆ ಆಗುತ್ತಿರಲಿಲ್ಲವೆ? ಎರಡು ಪಟ್ಟಿಗಳು ಹೊರಟು, ಒಬ್ಬರ ಅನ್ನದ ಮೇಲೆ ಇನ್ನೊಬ್ಬರು ಕಣ್ಣಿಡುವಂತಾದ ಮೇಲೆ ಹೇಳಿದುದರಿಂದ ಬಡ ಅಭ್ಯರ್ಥಿಗಳಿಗೆ ಉಳಿದದ್ದು ವಕೀಲರ ಫೀಜು ಮಾತ್ರ. ಆರು ತಿಂಗಳೊಳಗೆ ತೀರ್ಮಾನಿಸತಕ್ಕದ್ದೆಂದು ನ್ಯಾಯಮಂಡಳಿಗೆ ವಿಧಿಸಿದುದಷ್ಟೇ ಸಮಾಧಾನ.

ಆದರೆ ನ್ಯಾಯಾಧೀಶರಿಗಿಂತ ಹೆಚ್ಚಿನ ಹೊಣೆ ಇಲಾಖೆಯದು. ಪರೀಕ್ಷೆಯಲ್ಲಿ ತೇರ್ಗಡೆಯಾಗಬಲ್ಲ ಇಷ್ಟು ಮಂದಿ ವಿದ್ಯಾವಂತೆಯರು ಒಂದೇ ಬಗೆಯಾಗಿ ತಪ್ಪಿದರೆಂದರೆ, ತಪ್ಪು ಸೂಚನೆಯ ಕಡೆಗೇ ಇರಬೇಕೆಂದು ನಮ್ಮ ಭಾವನೆ. ಪ್ರಶ್ನೆಯೂ ಹೊಸದಲ್ಲ. ಮದುವೆಯಿಂದ ಹಿಂದುಳಿದ ಜಾತಿಗೆ ಸೇರಿದವಳಿಗೆ ಮೀಸಲಾತಿ ಸಲ್ಲದೆಂದು ಕೊಚ್ಚಿ ವಿಶ್ವವಿದ್ಯಾನಿಲಯದ ಮೊಕದ್ದಮೆಯಲ್ಲಿ 1996ರಲ್ಲಿಯೇ ಸರ್ವೋಚ್ಚ ನ್ಯಾಯಾಲಯವು ಹೇಳಿತ್ತು. ಕೇಂದ್ರ ಸರ್ಕಾರದ 1993ರ ಆಜ್ಞೆಯಂತೆ ಕೆನೆಪದರದ ಲೆಕ್ಕಕ್ಕೆ ತೆಗೆದುಕೊಳ್ಳುವುದು ತಂದೆತಾಯಿಗಳ ಅಂತಸ್ತನ್ನು. ಹಿಂದುಳಿದ ಮನೆಯಲ್ಲಿ ಹುಟ್ಟಿ ಸೀಮೆಎಣ್ಣೆ ದೀಪದಲ್ಲಿ ಓದಿದ ಹೆಣ್ಣುಮಗಳ ಹಿಂದುಳಿದಿರುವಿಕೆಯು ತಾಳಿ ಬಿದ್ದ ಗಳಿಗೆಯಲ್ಲಿ ಅಳಿಸಿಹೋಗುವುದೆಂಬ ಎಣಿಕೆ ನಮಗೆ ಅರ್ಥವಾಗುವುದಿಲ್ಲ. ಗಂಡುಮಗನ ಪ್ರಮಾಣಪತ್ರಕ್ಕೆ ಮಾವನ ಮನೆಯ ವಿಚಾರವನ್ನು ಯಾರೂ ಕೇಳುವುದಿಲ್ಲವಷ್ಟೆ!

ಇತ್ತ ನಮ್ಮ ಆಲ್ದೂರು ಹೋಬಳಿಯಂಥ ಕಡೆಗಳ ಸ್ಥಿತಿಯನ್ನೂ ನೋಡಬೇಕು. ಪರೀಕ್ಷೆ ಮುಗಿದು ವಿಭಾಗಪೀಠದ ತೀರ್ಪು ಬರುವಷ್ಟರಲ್ಲಿ ಶಾಲೆಗಳು ಎರಡು ಸಲ ಜೂನ್ ತಿಂಗಳನ್ನು ಕಂಡಿದ್ದವು. ಅನುಕೂಲಸ್ಥರು ಮಕ್ಕಳನ್ನು ಚಿಕ್ಕಮಗಳೂರಿಗೆ ಕಳುಹಿಸಿಯಾರು. ಕಾಫಿ ತೋಟದ ಲೈನ್ ಮನೆಗಳಿಂದ ಗೊರಬು ಹೊದ್ದು ಬರುವವರ ಮಕ್ಕಳಿಗೆ ಸರ್ಕಾರಿ ಶಾಲೆಯೊಂದೇ ಗತಿ. ಅಲ್ಲಿ ಗಣಿತ, ವಿಜ್ಞಾನಗಳನ್ನು ಹೇಳುವವರ ಸ್ಥಾನ ತೆರವಾದರೆ ಗೌರವಧನದ ಅತಿಥಿ ಶಿಕ್ಷಕರಿಂದ ವರ್ಷ ಸಾಗಿಸಬೇಕು. ಏಳನೆಯ ತರಗತಿಯಲ್ಲಿ ಬೀಜಗಣಿತ ತಪ್ಪಿದ ಬಾಲಕನಿಗೆ ನ್ಯಾಯಾಲಯದಲ್ಲಿ ವಕೀಲರಿಲ್ಲ.

ಮುಂದಿನ ನೇಮಕದ ಪ್ರಕಟಣೆಗೆ ಮೊದಲೇ, ವಿವಾಹಿತ ಸ್ತ್ರೀಯು ಯಾರ ಆದಾಯದ ಪ್ರಮಾಣಪತ್ರವನ್ನು ತರತಕ್ಕದ್ದೆಂಬುದನ್ನು ಸರ್ಕಾರದವರು ನಿಯಮದಲ್ಲಿಯೇ ಸೇರಿಸಿ, ಅರ್ಜಿಯ ನಮೂನೆಯ ಮೊದಲ ಪುಟದಲ್ಲಿ ತಿಳಿಗನ್ನಡದಲ್ಲಿ ಅಚ್ಚು ಹಾಕಿಸಲಿ. ತಹಶೀಲ್ದಾರರ ಕಚೇರಿಗಳಿಗೂ ಅದೇ ಆಜ್ಞೆಯ ಪ್ರತಿ ಹೋಗಲಿ.