ಬಸ್ಸಿನ ವೇಳೆ ಬದಲಿಸುವ ಮುನ್ನ ಊರಿನ ಮಾತನ್ನೂ ಕೇಳಬೇಕು

ಹಳ್ಳಿಗೆ ಬರುವ ಬಸ್ಸಿನ ವೇಳೆಯೂ ಬೇಸಾಯದ ಲೆಕ್ಕಕ್ಕೆ ಸೇರಿದ ಬಾಬತ್ತು. ಹುಣಸೂರು, ಪಿರಿಯಾಪಟ್ಟಣ, ಕೃಷ್ಣರಾಜನಗರ ಮತ್ತು ಹೆಗ್ಗಡದೇವನಕೋಟೆ ತಾಲ್ಲೂಕುಗಳ ರೈತರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಕಟ್ಟೆಮಳಲವಾಡಿ ಅಥವಾ ಕಂಪಲಾಪುರದ ಹರಾಜು ಮಾರುಕಟ್ಟೆಯಲ್ಲಿ ತನ್ನ ತಂಬಾಕಿನ ಬೇಲ್‌ಗೆ ಬೆಲೆ ಕೂಗುವಾಗ ಬೆಳೆಗಾರ ಅಲ್ಲಿರಬೇಕು. ರೈತ ಸಂಪರ್ಕ ಕೇಂದ್ರದಲ್ಲಿ ಬಿತ್ತನೆ ಬೀಜ ಕೊಡುವ ದಿನ ಸಾಲಿನಲ್ಲಿ ನಿಲ್ಲಬೇಕು. ಬೆಳಗಿನ ಬಸ್ಸನ್ನು ಒಂದು ಗಂಟೆ ತಡ ಮಾಡಿದರೆ, ಇಲ್ಲವೆ ರಾತ್ರಿ ಊರಿನಲ್ಲಿ ತಂಗುತ್ತಿದ್ದ ಬಸ್ಸನ್ನು ನಿಲ್ಲಿಸಿದರೆ, ಆ ದಿನದ ಕೆಲಸವೇ ಕೆಟ್ಟಂತೆ.

ಡಿಪೋದವರಿಗೂ ಅವರದೇ ಆದ ತೊಂದರೆಗಳುಂಟು. ಇರುವ ಬಸ್ಸು, ಇರುವ ಚಾಲಕರಲ್ಲಿಯೇ ಎಲ್ಲ ಊರುಗಳನ್ನೂ ಸುಧಾರಿಸಬೇಕು. ಒಂದು ಊರಿಗೆ ಬೇಗ ಬಂದ ಬಸ್ಸು ಇನ್ನೊಂದಕ್ಕೆ ತಡವಾಗುವುದು ಸಹಜ. ಎಲ್ಲರಿಗೂ ಒಪ್ಪುವ ವೇಳಾಪಟ್ಟಿ ಎಲ್ಲಿಯೂ ಇಲ್ಲ. ಯಾರಾದರೂ ಒಬ್ಬರು ನಷ್ಟ ಅನುಭವಿಸಲೇಬೇಕಾದುದರಿಂದಲೇ ತೀರ್ಮಾನಕ್ಕೆ ಮುನ್ನ ಅವರ ಮಾತನ್ನು ಕೇಳುವುದು ಅಗತ್ಯ.

ಬಸ್ಸಿನ ಮಾಲೀಕರಿಗೆ ಕಾನೂನು ಈ ರಕ್ಷಣೆ ಕೊಟ್ಟಿದೆ. 1988ರ ಮೋಟಾರು ವಾಹನ ಕಾಯಿದೆಯಂತೆ ಪರ್ಮಿಟ್ಟಿನ ಷರತ್ತು ಬದಲಿಸಲು ಪ್ರಾದೇಶಿಕ ಸಾರಿಗೆ ಪ್ರಾಧಿಕಾರವು ಕನಿಷ್ಠ 1 ತಿಂಗಳ ನೋಟೀಸು ಕೊಡಬೇಕು. ಪರ್ಮಿಟ್ಟು ನಿರಾಕರಿಸಿದರೆ ಕಾರಣವನ್ನು ಬರೆದು ತಿಳಿಸಿ, ಅರ್ಜಿದಾರನ ಅಹವಾಲು ಕೇಳಬೇಕು. ಆದರೆ ಬಸ್ಸು ಹತ್ತುವವನಿಗೆ ಇಂತಹ ಹಕ್ಕು ಇಲ್ಲ. ವೇಳೆ ಬದಲಾದದ್ದು ಅನೇಕ ಸಲ ಅವನಿಗೆ ತಿಳಿಯುವುದು ಬಸ್ಸು ಬಾರದ ದಿನವೇ.

ಹಿಂದೆ ಹೀಗಿರಲಿಲ್ಲ. 1939ರ ಹಳೆಯ ಕಾಯಿದೆಯ 47ನೇ ಕಲಮಿನಂತೆ, ಪರ್ಮಿಟ್ಟು ಕೊಡುವ ಮುನ್ನ ಆ ಮಾರ್ಗದ ಸ್ಥಳೀಯ ಸಂಸ್ಥೆಗಳ ಅಹವಾಲನ್ನೂ ಪರಿಗಣಿಸಬೇಕಾಗಿತ್ತು. 1989ರ ಜುಲೈ 1ರಂದು ಹೊಸ ಕಾಯಿದೆ ಜಾರಿಗೆ ಬಂದಾಗ ಈ ಏರ್ಪಾಡು ಬಿಟ್ಟುಹೋಯಿತು. ಪರ್ಮಿಟ್ಟು ಸುಲಭವಾಗಿ ಸಿಕ್ಕರೆ ಬಸ್ಸುಗಳು ಹೆಚ್ಚುವುವು ಎಂಬುದು ಹೊಸ ಕಾಯಿದೆಯ ಉದ್ದೇಶ. ಉದ್ದೇಶ ಒಳ್ಳೆಯದೇ, ಆದರೆ ಊರಿನ ದನಿ ಅಡಗಿತು.

ಕೇಳುವುದೆಂದರೆ ಕಾಟಾಚಾರಕ್ಕೆ ಕೇಳುವುದಲ್ಲ. ಆಂಧ್ರದಲ್ಲಿ ಬಸ್ ಮಾರ್ಗಗಳನ್ನು ಸರ್ಕಾರ ವಹಿಸಿಕೊಳ್ಳಹೊರಟಾಗ ಆಕ್ಷೇಪಣೆಗಳನ್ನು ಕೇಳಿದವರು ಸಾರಿಗೆಯ ಹೊಣೆ ಹೊತ್ತ ಕಾರ್ಯದರ್ಶಿ. ತೀರ್ಪು ಕೊಟ್ಟವರು ಮುಖ್ಯಮಂತ್ರಿ. ಗುಲ್ಲಪಲ್ಲಿ ನಾಗೇಶ್ವರ ರಾವ್ ಮೊಕದ್ದಮೆಯಲ್ಲಿ 1958ರಲ್ಲಿ ಸುಪ್ರೀಂ ಕೋರ್ಟು ಇದನ್ನು ಒಪ್ಪಲಿಲ್ಲ. ಒಬ್ಬರು ಕೇಳಿ ಮತ್ತೊಬ್ಬರು ತೀರ್ಮಾನಿಸಿದರೆ ವಿಚಾರಣೆ ಬರೀ ಹೆಸರಿಗೆ ಎಂಬುದು ಅದರ ಸಾರ.

ನಾಲೆಗೆ ನೀರು ಬಿಡುವ ಮುನ್ನ ನೀರಾವರಿ ಸಲಹಾ ಸಮಿತಿ ಸೇರುತ್ತದೆ, ದಿನಾಂಕ ಪ್ರಕಟವಾಗುತ್ತದೆ, ಅದನ್ನು ನೋಡಿ ರೈತ ಸಸಿಮಡಿ ಹಾಕುತ್ತಾನೆ. ಬಸ್ಸಿಗೂ ಇಷ್ಟೇ ಸಾಕು. ಬದಲಾವಣೆಗೆ 15 ದಿನ ಮುಂಚೆ ಗ್ರಾಮ ಪಂಚಾಯಿತಿಯ ಫಲಕದಲ್ಲಿ ಸೂಚನೆ, ಆ ಮಾರ್ಗದ ಊರುಗಳವರೊಂದಿಗೆ ಒಂದು ಸಭೆ, ಬಳಿಕ ಕಾರಣ ಬರೆದ ಆದೇಶ. ಇದಕ್ಕೆ ಹೊಸ ಕಾಯಿದೆ ಬೇಕಿಲ್ಲ. ಅಧಿಕಾರಿಗಳು ಮನಸ್ಸು ಮಾಡಿದರೆ ಆದೀತು.

ರೈತ ಬಾಂಧವರ ಕರ್ತವ್ಯವೂ ಇದೆ. ರಸ್ತೆ ತಡೆಯುವ ಮೊದಲು ಬರವಣಿಗೆಯಲ್ಲಿ ಕೇಳಬೇಕು. ಯಾವ ಬಸ್ಸು, ಯಾವ ವೇಳೆ, ಎಷ್ಟು ಜನಕ್ಕೆ, ಯಾವ ಕೆಲಸಕ್ಕೆ ಬೇಕೆಂದು ಗ್ರಾಮಸಭೆಯಲ್ಲಿ ನಿರ್ಣಯ ಮಾಡಿ, ಸಾಧ್ಯವಾದರೆ ಪಕ್ಕದ ಊರಿನವರನ್ನೂ ಸೇರಿಸಿಕೊಳ್ಳಬೇಕು. ನಿಗಮದ ಬಸ್ಸಾದರೆ ಡಿಪೋ ವ್ಯವಸ್ಥಾಪಕರಿಗೂ ವಿಭಾಗೀಯ ನಿಯಂತ್ರಣಾಧಿಕಾರಿಗಳಿಗೂ, ಖಾಸಗಿ ಬಸ್ಸಾದರೆ ಹುಣಸೂರಿನ ಸಾರಿಗೆ ಕಚೇರಿಗೂ ಕೊಟ್ಟು ಸ್ವೀಕೃತಿ ಪಡೆಯಬೇಕು. ಒಪ್ಪಿತವಾದ ವೇಳಾಪಟ್ಟಿ ಯಾವುದೆಂದು ತಿಳಿಯದಿದ್ದರೆ 2005ರ ಮಾಹಿತಿ ಹಕ್ಕು ಕಾಯಿದೆಯಡಿ 10 ರೂಪಾಯಿ ಶುಲ್ಕ ಕಟ್ಟಿ ಕೇಳಬಹುದು. 30 ದಿನಗಳೊಳಗೆ ಉತ್ತರ ಕೊಡಬೇಕು.

ಕೇಳಿದ ವೇಳೆಯೇ ಸಿಗದಿರಬಹುದು. ಆದರೆ ಕಾರಣ ತಿಳಿದವನು ತನ್ನ ಕೆಲಸವನ್ನು ಅದಕ್ಕೆ ಹೊಂದಿಸಿಕೊಳ್ಳುತ್ತಾನೆ. ಕಾರಣವೇ ತಿಳಿಯದವನು ನಿಲ್ದಾಣದಲ್ಲಿ ಕಾದು ಬರಿಗೈಯಲ್ಲಿ ಮನೆಗೆ ಮರಳುತ್ತಾನೆ.