ಯಾವ ಬಲೆಗೂ ಸಿಗದ ಗಾತ್ರ

ಜೂನ್ 1ರಿಂದ ಜುಲೈ 31ರವರೆಗೆ ಯಾಂತ್ರೀಕೃತ ಬೋಟುಗಳು ಕಡಲಿಗಿಳಿಯುವಂತಿಲ್ಲ. ಆ ಎರಡು ತಿಂಗಳು ಮಲ್ಪೆ ಬಂದರಿನಲ್ಲಿ ಕೆಲಸವೆಲ್ಲ ಬಲೆಯದು. ಕಳೆದ ಮಳೆಗಾಲದಲ್ಲಿ ಧಕ್ಕೆಯ ಶೆಡ್ಡಿನಡಿ, ಕಾಲಿನ ಹೆಬ್ಬೆರಳಿಗೆ ಬಲೆ ಸಿಕ್ಕಿಸಿಕೊಂಡು ಹರಿದ ಕಣ್ಣು ಕಟ್ಟುತ್ತಿದ್ದ ಹಿರಿಯರೊಬ್ಬರ ಪಕ್ಕ ಬಹಳ ಹೊತ್ತು ಕೂತಿದ್ದೆ. “ಕಣ್ಣು ನೋಡಿದ್ರೆ ಗೊತ್ತಾಗ್ತದೆ ಮಾರಾಯ್ರೆ, ಬಂಗುಡೆಯದ್ದೋ ಅಂಜಲಿನದ್ದೋ ಅಂತ” ಎಂದರು. ಸಣ್ಣ ಮೀನು ಆ ಕಣ್ಣಲ್ಲಿ ನುಸುಳಿ ಹೋಗುತ್ತದೆ. ದೊಡ್ಡದಕ್ಕೆ ತಲೆ ತೂರಿಸಲಿಕ್ಕೇ ಆಗುವುದಿಲ್ಲ. ನಡುವಿನದು ಕಿವಿರಲ್ಲಿ ಸಿಕ್ಕಿಬೀಳುತ್ತದೆ.

ನಮ್ಮ ಮೈಯೊಳಗೂ ಇಂಥ ಬಲೆಗಳಿವೆ, ಅವುಗಳ ಕಣ್ಣು ಮಾತ್ರ ನ್ಯಾನೊಮೀಟರಿನದು. ಒಂದು ಮಿಲಿಮೀಟರನ್ನು ಹತ್ತು ಲಕ್ಷ ಪಾಲು ಮಾಡಿದರೆ ಸಿಗುವ ಒಂದು ಪಾಲು ಅದು. ರಕ್ತಕ್ಕೆ ಸೇರಿದ ಕಣ ಸುಮಾರು 5.5 ನ್ಯಾನೊಮೀಟರಿಗಿಂತ ಸಣ್ಣದಿದ್ದರೆ ಮೂತ್ರಪಿಂಡ ಅದನ್ನು ಸೋಸಿ ಹೊರಹಾಕುತ್ತದೆ ಎಂದು 2007ರಲ್ಲಿ ಪ್ರಾಣಿಗಳ ಮೇಲಿನ ಪ್ರಯೋಗವೊಂದು ತೋರಿಸಿತು. ಅದಕ್ಕಿಂತ ದೊಡ್ಡವು ಒಳಗೇ ಉಳಿದು, ಬಹುಪಾಲು ಪಿತ್ತಜನಕಾಂಗ ಮತ್ತು ಗುಲ್ಮದಲ್ಲಿ ಶೇಖರವಾಗುತ್ತವೆ. ಅದಕ್ಕೂ ಒಂದು ವರ್ಷ ಮೊದಲು ಟೊರಾಂಟೊ ವಿಶ್ವವಿದ್ಯಾಲಯದವರು ಬೇರೆ ಬೇರೆ ಗಾತ್ರದ ಚಿನ್ನದ ಕಣಗಳನ್ನು ಜೀವಕೋಶಗಳ ಜೊತೆ ಇಟ್ಟು ನೋಡಿದ್ದರು. ಕೋಶಗಳು ಅತಿ ಹೆಚ್ಚು ಒಳಗೆಳೆದುಕೊಂಡದ್ದು 50 ನ್ಯಾನೊಮೀಟರಿನವನ್ನು. 14ರವೂ ಕಡಿಮೆ, 74ರವೂ ಕಡಿಮೆ. ಒಳಗೆ ಸೇರಬೇಕಾದರೆ ಪೊರೆ ಕಣವನ್ನು ಸುತ್ತಿಕೊಳ್ಳಬೇಕು. ತೀರ ಸಣ್ಣದಕ್ಕೆ ಪೊರೆಯನ್ನು ಬಗ್ಗಿಸುವಷ್ಟು ಹಿಡಿತ ಸಿಗುವುದಿಲ್ಲ, ದೊಡ್ಡದನ್ನು ಸುತ್ತಲು ಪೊರೆಯ ಹಿಡಿಕೆಗಳು ಸಾಲುವುದಿಲ್ಲ. ಬಂಗುಡೆ ಬಲೆಯ ಲೆಕ್ಕವೇ ಅಲ್ಲವೇ ಇದು?

ಗಾತ್ರ ಇಳಿದಾಗ ಇನ್ನೊಂದು ಬದಲಾವಣೆಯಾಗುತ್ತದೆ. ಒಂದು ಸೆಂಟಿಮೀಟರಿನ ಸಕ್ಕರೆ ಅಚ್ಚಿನಂಥ ಘನಕ್ಕೆ ಇರುವ ಹೊರಮೈ 6 ಚದರ ಸೆಂಟಿಮೀಟರ್. ಅದನ್ನೇ ಒಂದೊಂದು ನ್ಯಾನೊಮೀಟರಿನ ತುಂಡುಗಳಾಗಿ ಕತ್ತರಿಸಿದರೆ ಹೊರಮೈ 6,000 ಚದರ ಮೀಟರಿಗೆ, ಅಂದರೆ ಒಂದೂವರೆ ಎಕರೆಗೆ ಹತ್ತಿರ ಬರುತ್ತದೆ. ತೂಕ ಒಂದು ಗುಲಗಂಜಿಯಷ್ಟೂ ಹೆಚ್ಚಲಿಲ್ಲ. ಜೀವಕ್ಕೆ ತಾಗುವುದು ಹೊರಮೈ ತಾನೇ.

ಈ ಗುಣವನ್ನು ಒಳ್ಳೆಯದಕ್ಕೆ ದುಡಿಸಿಕೊಳ್ಳಬಹುದು. ಡಾಕ್ಸೊರುಬಿಸಿನ್ ಎಂಬ ಕ್ಯಾನ್ಸರ್ ಔಷಧವನ್ನು ಸುಮಾರು 100 ನ್ಯಾನೊಮೀಟರಿನ ಕೊಬ್ಬಿನ ಗುಳ್ಳೆಯಲ್ಲಿ ತುಂಬಿ ಕೊಡಲು ಅಮೆರಿಕ 1995ರಲ್ಲೇ ಒಪ್ಪಿತು. ಹೃದಯದ ಮೇಲೆ ಆ ಔಷಧದ ಹೊಡೆತ ಇದರಿಂದ ಕಡಿಮೆಯಾಗುತ್ತದೆ. ಕೊಚ್ಚಿಯ ಕೇಂದ್ರೀಯ ಮೀನುಗಾರಿಕಾ ತಂತ್ರಜ್ಞಾನ ಸಂಸ್ಥೆಯವರು ಪಂಜರ ಮೀನುಕೃಷಿಯ ಬಲೆಗೆ ಪಾಚಿ, ಚಿಪ್ಪು ಕಟ್ಟದಂತೆ ನ್ಯಾನೊ ತಾಮ್ರದ ಆಕ್ಸೈಡ್ ಲೇಪಿಸಿ ಪ್ರಯೋಗ ಮಾಡಿದ್ದಾರೆ. ಬಲೆ ತಿಕ್ಕಿ ತೊಳೆದು ಕೈ ಸವೆಸಿಕೊಂಡವರಿಗೆ ಅದರ ಬೆಲೆ ಗೊತ್ತು.

ನನ್ನನ್ನು ಕಾಡುವುದು ನಾವು ಯಾರೂ ಲೇಪಿಸದೆ, ತಯಾರಿಸದೆ ಹುಟ್ಟುತ್ತಿರುವ ಕಣ. ಅಂದು ಶೆಡ್ಡಿನ ಹೊರಗೆ ಬಿಸಿಲು ಮಳೆಗೆ ಬಿದ್ದಿದ್ದ ನೀಲಿ ಪ್ಲಾಸ್ಟಿಕ್ ಹಗ್ಗದ ತುಂಡೊಂದನ್ನು ಎತ್ತಿಕೊಂಡೆ. ಹಿಡಿದು ತಿರುಚಿದ್ದೇ ತಡ, ಎಳೆಗಳು ಪಟಪಟ ಮುರಿದು ಅಂಗೈ ತುಂಬ ನೀಲಿ ಹುಡಿ. ಎಷ್ಟು ಕೊಡವಿದರೂ ಬೆರಳ ಗೆರೆಗಳಲ್ಲಿ ಉಳಿಯಿತು. ಕಣ್ಣಿಗೆ ಕಂಡದ್ದು ಅಷ್ಟು. ಬಿಸಿಲು, ಉಪ್ಪು, ತೆರೆ ಸೇರಿ ಆ ಹುಡಿಯನ್ನು ಇನ್ನೂ ಒಡೆಯುತ್ತಲೇ ಹೋಗುತ್ತವೆ, ನ್ಯಾನೊಮೀಟರಿನ ಲೆಕ್ಕಕ್ಕೆ ಇಳಿಯುವ ತನಕ. ಸ್ವೀಡನ್ನಿನ ಲುಂಡ್ ವಿಶ್ವವಿದ್ಯಾಲಯದವರು 2017ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ, ಪ್ಲಾಸ್ಟಿಕ್ ನ್ಯಾನೊಕಣ ತಿಂದ ನೀರಿನ ಸಣ್ಣ ತೇಲುಜೀವಿಗಳನ್ನು ಮೀನಿಗೆ ತಿನ್ನಿಸಿದಾಗ ಕಣಗಳು ಮೀನಿನ ಮಿದುಳನ್ನೇ ಸೇರಿದ್ದವು, ಅದರ ನಡವಳಿಕೆಯೂ ಕೆಟ್ಟಿತ್ತು. ಅದು ಪ್ರಯೋಗಾಲಯದ ಮಾತು, ಕಡಲಿನದಲ್ಲ ಎನ್ನುವುದು ನಿಜ. ಆದರೆ ಕೊಂಡಿ ಇರುವುದು ಹಾಗೆಯೇ: ತೇಲುಜೀವಿಯಿಂದ ಬೂತಾಯಿಗೆ, ಬೂತಾಯಿಯಿಂದ ಅಂಜಲಿಗೆ.

ಇಷ್ಟಾದರೂ ನಾವು ಅಪಾಯವನ್ನು ತೂಗುವುದು ಮಿಲಿಗ್ರಾಮಿನಲ್ಲೇ. ಯಾವ ವಸ್ತು, ಎಷ್ಟು ತೂಕ ಎಂದು ಕೇಳಿ ಸುಮ್ಮನಾಗುತ್ತೇವೆ; ಯಾವ ಗಾತ್ರದಲ್ಲಿದೆ ಎಂದು ಕೇಳುವುದಿಲ್ಲ. ನ್ಯಾನೊ ಔಷಧಗಳನ್ನು ಪರೀಕ್ಷಿಸುವ ಮಾರ್ಗಸೂಚಿ ನಮ್ಮಲ್ಲಿ 2019ರಲ್ಲಿ ಬಂತು, ಒಳ್ಳೆಯದಾಯಿತು. ಯುರೋಪಿನಲ್ಲಿ 2013ರಿಂದ ಸೌಂದರ್ಯವರ್ಧಕಗಳ ಡಬ್ಬಿಯ ಮೇಲೆ ನ್ಯಾನೊ ವಸ್ತು ಇದ್ದರೆ ಹಾಗೆಂದು ಮುದ್ರಿಸಲೇಬೇಕು. ಉಡುಪಿಯ ಅಂಗಡಿಯಲ್ಲಿ ಸಿಗುವ ಸನ್‌ಸ್ಕ್ರೀನ್ ಟ್ಯೂಬಿನ ಮೇಲೂ ಆ ಪದ ಬರಲಿ. ಬಂದರಿನಲ್ಲಿ ಬೇಕಾದದ್ದು ಇನ್ನೂ ಸರಳ: ಹಳೆ ಬಲೆ, ಹಗ್ಗಕ್ಕೆ ಕಿಲೋ ಲೆಕ್ಕದಲ್ಲಿ ಹಣ ಕೊಟ್ಟು ಕೊಳ್ಳುವ ಒಂದು ಜಾಗ, ಧಕ್ಕೆಯಲ್ಲೇ. ತುಂಡು ಗೇಣುದ್ದ ಇರುವಾಗ ಕೈಯಲ್ಲಿ ಹೆಕ್ಕಬಹುದು. ಐವತ್ತು ನ್ಯಾನೊಮೀಟರಿಗೆ ಇಳಿದ ಮೇಲೆ ಅದನ್ನು ಹಿಡಿಯುವ ಬಲೆಯನ್ನು ಮಲ್ಪೆಯಲ್ಲಿ ಯಾರೂ ನೇಯಲಾರರು.

ಹೊರಡುವಾಗ ಆ ಹಿರಿಯರು ಕತ್ತರಿಸಿ ಬಿದ್ದ ಚೂರುಗಳನ್ನು ಕಾಲಲ್ಲಿ ಒಂದೆಡೆ ರಾಶಿ ಮಾಡುತ್ತಿದ್ದರು. ಗೋಣಿಚೀಲದ ಬಾಯಿ ಹಿಡಿದು ತುಂಬಲು ಸಹಾಯ ಮಾಡಿದೆ. ಇದನ್ನು ಎಲ್ಲಿಗೆ ಕೊಡುತ್ತೀರಿ ಎಂದು ಕೇಳಿದೆ. ಅವರು ಕೈಯಲ್ಲಿದ್ದ ಚೂರನ್ನು ತಿರುಗಿಸಿ ನೋಡಿ, “ತಗೊಳ್ಳುವವರು ಯಾರಿದ್ದಾರೆ?” ಎಂದು ನನ್ನನ್ನೇ ಕೇಳಿದರು.