ಮನೆ-ಮಳಿಗೆ: ಪಟ್ಟಿ ಅಲುಗದಿರಲಿ

ದೀಪಾವಳಿಯ ವಹಿಪೂಜೆಯೊಳಗಾಗಿ ಅಂಗಡಿಗೆ ಹೊಸ ಕಪಾಟು ಆಗಲೇಬೇಕೆಂಬ ಹಟ ನಮ್ಮ ವ್ಯಾಪಾರಸ್ಥ ಮನೆತನಗಳಲ್ಲಿ ಹಳೆಯದು. ಬಡಗಿಗೆ ನಾಲ್ಕು ದಿನದ ಗಡುವು ಕೊಟ್ಟು, ಮೂರನೆಯ ದಿನವೇ ಸಾಮಾನು ಜೋಡಿಸಲು ನಿಂತುಬಿಡುತ್ತೇವೆ. ಆ ಅವಸರದಲ್ಲಿ ಪ್ಲೈವುಡ್ ಸೊಟ್ಟಗೆ ಕೊಯ್ದು ಹಾಳಾದರೆ ಅದೊಂದು ನಷ್ಟ. ಬಡಗಿಯ ಬೆರಳು ಹೋದರೆ ಅದನ್ನು ಯಾವ ವಹಿಯಲ್ಲಿ ಬರೆಯೋಣ? ಗರಗಸಕ್ಕೆ ದಾರಿ ತೋರುವ ಪಟ್ಟಿಯನ್ನು ಬಿಗಿಯದೆ ಕೊಯ್ಯುವುದರಿಂದ ಈ ಎರಡೂ ಆಗುವುದುಂಟು. ಈ ತಿಂಗಳು ಅದನ್ನು ಕುರಿತು ನಾಲ್ಕು ಮಾತು.

ನಾರಾಯಣಖೇಡ, ಜಹೀರಾಬಾದು 1956ರವರೆಗೆ ಬೀದರ ಜಿಲ್ಲೆಯಲ್ಲಿದ್ದವು. ತಾಂಡೂರು ಗುಲಬರ್ಗಾ ಜಿಲ್ಲೆಯದಾಗಿತ್ತು. 2016ರಲ್ಲಿ ಮಂಡಲ ಕೇಂದ್ರವಾದ ನಾಗಲಗಿದ್ದದ ಕಡೆ ಗರಗಸವೆನ್ನಿ, ರಂಪವೆನ್ನಿ, ಕರವತವೆನ್ನಿ, ಬಡಗಿಗೆ ತಿಳಿಯುತ್ತದೆ. ಹಿಂದೆ ಆತ ಕೆಮ್ಮಣ್ಣಿನ ನೀರಿನಲ್ಲಿ ಅದ್ದಿದ ದಾರವನ್ನು ಎಳೆದು ಹೊಡೆದು ಗೆರೆ ಮೂಡಿಸಿ, ಕೈಗರಗಸದಿಂದ ಕೊಯ್ಯುತ್ತಿದ್ದ. ಗೆರೆ ತಪ್ಪಿದರೆ ಎರಡು ಎಳೆತದೊಳಗೆ ತಿಳಿದು ತಿದ್ದಿಕೊಳ್ಳುತ್ತಿದ್ದ. ಕರೆಂಟಿನ ಗರಗಸಕ್ಕೆ ಆ ತಾಳ್ಮೆಯಿಲ್ಲ. ಅಲಗು ಓರೆಯಾದರೆ ಸೀಳಿನೊಳಗೆ ಸಿಕ್ಕಿಕೊಳ್ಳುತ್ತದೆ. ಹಲ್ಲುಗಳು ಮರವನ್ನು ಕಚ್ಚಿ, ಇಡೀ ಯಂತ್ರವನ್ನು ಹಿಡಿದವನ ಕಡೆಗೇ ಎಸೆಯುತ್ತವೆ. ಕಣ್ಣು ಮಿಟುಕಿಸುವಷ್ಟರಲ್ಲಿ ಆಗುವ ಕೆಲಸವಿದು.

ಇನ್ನೊಂದು ಅಪಾಯ ಈ ಸೀಮೆಗೆ ಹತ್ತಿರದ್ದು. ತಾಂಡೂರಿನ ಮತ್ತು ಶಹಾಬಾದಿನ ಕಲ್ಲು ಹಾಸುವ ಊರುಗಳಲ್ಲಿ ಮಾರ್ಬಲ್ ಕಟರ್ ಸುಲಭವಾಗಿ ಸಿಗುತ್ತದೆ. ಅದಕ್ಕೇ ಮರದ ಅಲಗು ಹಾಕಿ ಪ್ಲೈವುಡ್ ಕೊಯ್ಯುವವರು ಬಹಳ. ಕಲ್ಲು ಕೊಯ್ಯುವ ಈ ಯಂತ್ರ ನಿಮಿಷಕ್ಕೆ ಸುಮಾರು 12,000 ಸುತ್ತು ತಿರುಗುತ್ತದೆ. ಮರಕ್ಕೆಂದೇ ಮಾಡಿದ ಗರಗಸದಲ್ಲಿ ಅಲಗನ್ನು ಕೆಳಗಿನಿಂದ ತಾನಾಗಿ ಮುಚ್ಚುವ ಕವಚವಿರುತ್ತದೆ, ಇದರಲ್ಲಿ ಇರುವುದಿಲ್ಲ. ಇದನ್ನು ಮರಕ್ಕೆ ಬಳಸುವುದು ನಮಗೆ ಒಪ್ಪಿಗೆಯಿಲ್ಲ. ನಮ್ಮ ಅಂಗಡಿಯಲ್ಲಿ ಕೆಲಸ ನಡೆಯುವಾಗ ಹಾಗೆಂದು ಹೇಳುವ ಹಕ್ಕೂ ಹೊಣೆಯೂ ನಮಗಿದೆ.

ಈಗ ಪಟ್ಟಿಯ ವಿಷಯ. ಬಟ್ಟೆ ಅಂಗಡಿಯವರಿಗೆ ಇದನ್ನು ಹೆಚ್ಚು ವಿವರಿಸಬೇಕಿಲ್ಲ. ಕಬ್ಬಿಣದ ಗಜವನ್ನು ಅರಿವೆಯ ಮೇಲಿಟ್ಟು ಹೆಬ್ಬೆರಳಿನಿಂದ ಒತ್ತಿ ಹಿಡಿಯದಿದ್ದರೆ ಕತ್ತರಿ ಎತ್ತ ಹೋಗುತ್ತದೆಂದು ಅವರಿಗೆ ಗೊತ್ತು. ಮರದಲ್ಲಿ ಹೆಬ್ಬೆರಳಿನ ಕೆಲಸವನ್ನು ಕ್ಲಾಂಪು, ಅಂದರೆ ಶಿಕಂಜಿ, ಮಾಡಬೇಕು. ಪಟ್ಟಿಯನ್ನು ಹುಡುಗನ ಕೈಯಲ್ಲಿ ಒತ್ತಿ ಹಿಡಿಸುವುದು ಎಲ್ಲಕ್ಕಿಂತ ಕೆಟ್ಟ ಪದ್ಧತಿ. ಅಲಗಿನ ಹಾದಿಯ ಪಕ್ಕದಲ್ಲಿ ಎಳೆಯ ಬೆರಳುಗಳನ್ನು ಇಟ್ಟಂತಾಯಿತು. ಅರೆಬರೆ ಬಿಗಿದ ಪಟ್ಟಿಯೂ ಮೋಸವೇ. ಅದನ್ನು ನಂಬಿ ಗರಗಸವನ್ನು ಒರಗಿಸಿದಾಗ ನಡುದಾರಿಯಲ್ಲಿ ಜಾರುತ್ತದೆ.

ಪಟ್ಟಿಗೆ ಅಲ್ಯೂಮಿನಿಯಂ ಕಿಟಕಿ ಮಾಡುವವರಲ್ಲಿ ಸಿಗುವ ಚೌಕ ಕೊಳವೆ ಒಳ್ಳೆಯದು. ಕಾರ್ಖಾನೆಯ ನೇರ ಅಂಚಿರುವ, ಅರ್ಧ ಅಡಿ ಅಗಲದ ಪ್ಲೈವುಡ್ ತುಂಡೂ ಆದೀತು. ಸಪೂರಾದ ರೀಪು ಬೇಡ, ನಡುವೆ ಬಾಗುತ್ತದೆ. 8 ಅಡಿ ಕೊಯ್ಯಲು ಪಟ್ಟಿ 9 ಅಡಿಯಾದರೂ ಇರಲಿ, ಗರಗಸ ಹಲಗೆಗೆ ಇಳಿಯುವ ಮೊದಲೇ ಪಟ್ಟಿಗೆ ಒರಗಿರಬೇಕು. ಎರಡು ತುದಿಗೂ ಒಂದೊಂದು ಕ್ಲಾಂಪು ಹಾಕಿ. ಅದರ ತಿರುಪಿನ ಹಿಡಿ ಹಲಗೆಯ ಕೆಳಗಡೆ ಇರಬೇಕು, ಮೇಲಿದ್ದರೆ ಮೋಟಾರಿಗೆ ತಗಲುತ್ತದೆ. ಹಲಗೆಗೆ ಕಚ್ಚುವಲ್ಲಿ ಒಂದು ಚೂರು ಮರ ಕೊಟ್ಟರೆ ಮೈ ಮೇಲೆ ಗುರುತು ಬೀಳದು. ಬಿಗಿದ ಮೇಲೆ ಪಟ್ಟಿಯನ್ನು ನಡುವೆ ಹಿಡಿದು ಬಲವಾಗಿ ತಳ್ಳಿ ನೋಡತಕ್ಕದ್ದು. ಉಳಿಸಿಕೊಳ್ಳುವ ತುಂಡಿನ ಮೇಲೆಯೇ ಪಟ್ಟಿ ಇರಲಿ. ಗರಗಸ ಅಕಸ್ಮಾತ್ ಸರಿದರೂ ಕೆಡುವುದು ಬಿಸಾಡುವ ಭಾಗ.

ಪಟ್ಟಿಯನ್ನು ಗೆರೆಯ ಮೇಲೆಯೇ ಇಡುವಂತಿಲ್ಲ. ಗರಗಸದ ತಳದ ಅಂಚಿನಿಂದ ಅಲಗಿನ ಹಲ್ಲಿಗೆ ಎಷ್ಟು ದೂರವಿದೆಯೋ ಅಷ್ಟು ಹಿಂದೆ ಇಡಬೇಕು. ಒಂದೊಂದು ಯಂತ್ರಕ್ಕೆ ಒಂದೊಂದು ಅಳತೆ. ಆದುದರಿಂದ ಒಂದು ರದ್ದಿ ತುಂಡನ್ನು ಕೊಯ್ದು ನೋಡಿ, ಬಂದ ಅಳತೆಯನ್ನು ಯಂತ್ರದ ಮೇಲೆಯೇ ಬರೆದಿಡುವುದು ಜಾಣತನ. ಅಲಗು ತಿನ್ನುವ ಪಾಲನ್ನೂ ಲೆಕ್ಕ ಹಿಡಿಯಿರಿ. 1220 ಮಿಲಿಮೀಟರ್ ಅಗಲದ ಹಲಗೆಯಲ್ಲಿ ನಾಲ್ಕು ತುಂಡು ಬೇಕಾದರೆ ಮೂರು ಸೀಳು. ಅಲಗಿನ ದಪ್ಪ ಎರಡೂವರೆ ಮಿಲಿಮೀಟರ್ ಇದ್ದರೆ ಏಳೂವರೆ ಮಿಲಿಮೀಟರ್ ಹುಡಿಯಾಗುತ್ತದೆ. ತುಂಡು ತಲಾ 303 ಮಾತ್ರ, ಒಂದು ಅಡಿ ಬರುವುದಿಲ್ಲ. ತಕ್ಕಡಿಯಲ್ಲಿ ಗೋಣಿಯ ತೂಕ ಕಳೆಯುವ ನಮಗೆ ಇದು ಹೊಸ ಗಣಿತವೇನಲ್ಲ!

ಹಲಗೆಯ ಕೆಳಗೆ ನಾಲ್ಕು ರೀಪುಗಳನ್ನು ಇಟ್ಟು, ಸೀಳಿನ ಎರಡೂ ಬದಿಗೆ ಆಸರೆ ಕೊಡಬೇಕು. ಆಸರೆಯಿಲ್ಲದೆ ಹಲಗೆ ಜೋತರೆ ಸೀಳು ಮುಚ್ಚಿ ಅಲಗನ್ನು ಅಮುಕುತ್ತದೆ. ಅಲಗು ಹಲಗೆಯ ಕೆಳಗೆ ಐದಾರು ಮಿಲಿಮೀಟರಿಗಿಂತ ಹೆಚ್ಚು ಇಳಿಯದಿರಲಿ. ಗರಗಸದ ಹಲ್ಲು ಕೆಳಗಿನಿಂದ ಮೇಲಕ್ಕೆ ಕೊಯ್ಯುವುದರಿಂದ ಚಂದದ ಮೈ ಕೆಳಗಿರಬೇಕು, ಸನ್‌ಮೈಕಾ ಚಕ್ಕೆ ಏಳುವುದು ಕಡಿಮೆಯಾಗುತ್ತದೆ.

ಒಂದು 18 ಮಿಲಿಮೀಟರ್ ಪ್ಲೈವುಡ್ ಹಲಗೆಯ ಬೆಲೆಯಲ್ಲಿ ನಾಲ್ಕು ಕ್ಲಾಂಪು ಬಂದಾವು. ಬಡಗಿಯಲ್ಲಿ ಇಲ್ಲದಿದ್ದರೆ ಅಂಗಡಿಯ ಖರ್ಚಿಗೆ ಹಾಕಿ ತಂದಿಟ್ಟುಕೊಳ್ಳಿ. ಗಡುವನ್ನೂ ಎರಡು ದಿನ ಸಡಿಲಿಸಿ. ಕೊಯ್ಯುವ ನಡುವೆ ಕರೆಂಟು ಹೋದರೆ ಮೊದಲು ಪಿನ್ನು ಕೀಳಿಸಿ. ಗುಂಡಿ ಒತ್ತಿ ಚಾಲೂ ಇಟ್ಟ ಯಂತ್ರ, ಬಡಗಿ ಚಹಾ ಕುಡಿಯುತ್ತಿರುವಾಗ ಕರೆಂಟು ಬಂದರೆ, ಹಲಗೆಯ ಮೇಲೆ ತಾನೇ ಓಡತೊಡಗುತ್ತದೆ.